ಬ್ಯಾಟರಿ ಹೋದ್ರೆ ಏನ್ ಮಾಡ್ತೀರಿ?

ಟ್ರಿಗರ್ ಒತ್ತಿದ ಕೂಡಲೇ ಗುಂಡು ಹಾರತ್ತೆ ಅಂತ ಸಿನಿಮಾ ನೋಡಿ ಬೆಳೆದ ನಾವೆಲ್ಲ ನಂಬಿಕೊಂಡಿರ್ತೀವಿ. ನಿಜವಾಗಿ ನೋಡಿದರೆ ಒತ್ತುವುದಕ್ಕೂ ಹಾರುವುದಕ್ಕೂ ನಡುವೆ ಒಂದು ಚಿಕ್ಕ ಗ್ಯಾಪ್ ಇದೆ. ಒಳಗೆ ಬಿಗಿಯಾಗಿ ಕೂತಿರುವ ಸ್ಪ್ರಿಂಗ್ ಬಿಡುಗಡೆ ಆಗಬೇಕು, ಅದು ಫೈರಿಂಗ್ ಪಿನ್ ಅನ್ನೋ ಕಡ್ಡಿಯನ್ನು ಮುಂದಕ್ಕೆ ತಳ್ಳಬೇಕು, ಆ ಕಡ್ಡಿ ಹೋಗಿ ತೋಟಾದ ಹಿಂಭಾಗದಲ್ಲಿರುವ ಪ್ರೈಮರ್‌ಗೆ ಹೊಡೆಯಬೇಕು. ಆ ಪೆಟ್ಟಿಗೆ ಪ್ರೈಮರ್ ಕಿಡಿ ಕಾರಿದ ಮೇಲೆ ಮದ್ದು ಹೊತ್ತಿಕೊಂಡು ಗುಂಡು ಹೊರಡತ್ತೆ. ಟ್ರಿಗರ್ ಸ್ಪ್ರಿಂಗನ್ನು ಬಿಟ್ಟ ಕ್ಷಣದಿಂದ ಪಿನ್ ಹೊಡೆಯುವ ಕ್ಷಣದವರೆಗಿನ ಸಮಯಕ್ಕೆ ಲಾಕ್ ಟೈಮ್ ಅಂತಾರೆ. ಒಳ್ಳೆಯ ರೈಫಲ್‌ನಲ್ಲಿ ಇದು ಸುಮಾರು 3 ಮಿಲಿಸೆಕೆಂಡ್. ಅಷ್ಟರಲ್ಲಿ ಶಬ್ದ ಗಾಳಿಯಲ್ಲಿ ಹೆಚ್ಚುಕಮ್ಮಿ 1 ಮೀಟರ್ ಹೋಗಿರತ್ತೆ. ಹಿಡಿದವರ ಕೈ ಸ್ವಲ್ಪ ನಡುಗೋದಕ್ಕೂ ಅಷ್ಟು ಸಮಯ ಸಾಕು.

ಈ 3 ಮಿಲಿಸೆಕೆಂಡನ್ನು ಕರೆಂಟ್ ಬಳಸಿ ಅಳಿಸಿಹಾಕೋಕೆ ಹೊರಟವರ ಕಥೆಯೇ ಮೂರನೇ ಸೆಮ್‌ನಲ್ಲಿ ನಮ್ಮ ಸೆಮಿನಾರ್ ವಿಷಯವಾಗಿತ್ತು. ನಾವು ಅಂದರೆ ಎಲೆಕ್ಟ್ರಿಕಲ್ ಬ್ರಾಂಚಿನ ಮೂವರು: ಒಬ್ಬ ದಾವಣಗೆರೆಯವನು, ಒಬ್ಬ ಬೆಂಗಳೂರಿನವನು, ಒಬ್ಬ ಕೊಡಗಿನವನು. ಮೂವರೂ ಇಂಗ್ಲಿಷ್ ಮೀಡಿಯಂ. ಮೆಕ್ಯಾನಿಕಲ್‌ನವರು ನೂರಾರು ವರ್ಷದಿಂದ ಇಟ್ಟುಕೊಂಡಿದ್ದ ಒಂದು ಕೆಲಸವನ್ನು ನಮ್ಮ ಬ್ರಾಂಚ್ ಕಿತ್ತುಕೊಂಡಿದೆ ಅಂತ ಹೇಳೋ ಚಾನ್ಸ್ ಯಾರು ಬಿಡ್ತಾರೆ? ಟೈಟಲ್ ಕೂಡ ಅದೇ ಧಾಟಿಯಲ್ಲಿ ಇಟ್ಟಿದ್ವಿ.

ಕಿಡಿ ಹೊತ್ತಿಸೋ ಈ ಕಥೆ ಹಳೆಯದು. ಮೊದಲು ಉರಿಯುವ ಬತ್ತಿಯನ್ನೇ ಮದ್ದಿಗೆ ತಾಗಿಸ್ತಿದ್ದರು. ಆಮೇಲೆ ಚಕಮಕಿ ಕಲ್ಲು ಬಂತು. ಕುದುರೆ ಬಿದ್ದಾಗ ಕಲ್ಲು ಉಕ್ಕಿಗೆ ಉಜ್ಜಿ ಕಿಡಿ ಹಾರತ್ತೆ, ಹೊರಗಿನ ಪುಟ್ಟ ಬಟ್ಟಲಲ್ಲಿರೋ ಮದ್ದು ಭಗ್ಗೆನ್ನತ್ತೆ, ಆ ಬೆಂಕಿ ಒಂದು ತೂತಿನ ಮೂಲಕ ಒಳಗೆ ಹೋಗತ್ತೆ. (ಕೋವಿಯಲ್ಲಿ ಕುದುರೆ ಅಂದರೆ ಹಿಂದೆ ಎಳೆದು ಬಿಡುವ ಸುತ್ತಿಗೆಯಂಥ ಭಾಗ. ಈ ಪದ ನಮಗೆ ಹೇಗೆ ಸಿಕ್ಕಿತು ಅಂತ ಮುಂದೆ ಹೇಳ್ತೀವಿ.) ಮಳೆ ಬಂದರೆ ಬಟ್ಟಲಿನ ಮದ್ದು ಒದ್ದೆ. ಮಳೆ ಇಲ್ಲದಿದ್ದರೂ ಇನ್ನೊಂದು ತೊಂದರೆ. ಸ್ಕಾಟ್ಲೆಂಡಿನಲ್ಲಿ ಅಲೆಕ್ಸಾಂಡರ್ ಫೋರ್ಸೈತ್ ಅಂತ ಒಬ್ಬ ಪಾದ್ರಿ ಇದ್ದರು, ಹಕ್ಕಿ ಬೇಟೆಯ ಹುಚ್ಚಿನವರು. ಬಟ್ಟಲಿನ ಮದ್ದು ಭಗ್ಗೆಂದ ಬೆಳಕು ಕಂಡ ಕೂಡಲೇ ಹಕ್ಕಿ ಹಾರಿಹೋಗ್ತಿತ್ತು, ಗುಂಡು ಆಮೇಲೆ ಬರ್ತಿತ್ತು. ಪೆಟ್ಟು ಬಿದ್ದರೆ ಸಾಕು ತಾನೇ ಸಿಡಿಯುವ ರಾಸಾಯನಿಕ ಬಳಸಿ ಅವರು ಹೊಸ ವ್ಯವಸ್ಥೆ ಮಾಡಿ 1807ರಲ್ಲಿ ಪೇಟೆಂಟ್ ಪಡೆದರು. ಆಮೇಲೆ ಬಂದ ಪುಟ್ಟ ತಾಮ್ರದ ಕೇಪು, ಇವತ್ತಿನ ತೋಟಾದ ಪ್ರೈಮರ್, ಎಲ್ಲ ಇದರ ಮಕ್ಕಳು ಮೊಮ್ಮಕ್ಕಳು. ಪೆಟ್ಟು ಕೊಟ್ಟು ಕಿಡಿ ಪಡೆಯೋ ಈ ತತ್ವ 200 ವರ್ಷಕ್ಕೂ ಮೀರಿ ನಡೀತಿದೆ.

ಎಲೆಕ್ಟ್ರಿಕ್ ಪ್ರೈಮರ್‌ನಲ್ಲಿ ಪೆಟ್ಟೇ ಇಲ್ಲ. ಎರಡು ಥರ ಮಾಡ್ತಾರೆ. ಒಂದರಲ್ಲಿ ಕೂದಲಿಗಿಂತ ತೆಳುವಾದ ತಂತಿ ಇರತ್ತೆ. ಕರೆಂಟ್ ಹರಿದರೆ ತಂತಿ ಕಾಯತ್ತೆ, ಅದಕ್ಕೆ ಅಂಟಿಕೊಂಡ ರಾಸಾಯನಿಕ ಹೊತ್ತಿಕೊಳ್ಳತ್ತೆ. ಫಸ್ಟ್ ಇಯರ್‌ನಲ್ಲಿ ಓದಿದ ಐ ಸ್ಕ್ವೇರ್ ಆರ್ ಅಷ್ಟೇ. ಇನ್ನೊಂದರಲ್ಲಿ ತಂತಿ ಇಲ್ಲ, ರಾಸಾಯನಿಕದ ಮಿಶ್ರಣವೇ ಕರೆಂಟ್ ಹರಿಯುವ ಹಾಗೆ ಇರತ್ತೆ. ಎರಡರಲ್ಲೂ ಸ್ಪ್ರಿಂಗ್ ಓಡೋದನ್ನ ಕಾಯಬೇಕಾಗಿಲ್ಲ. ಲಾಕ್ ಟೈಮ್ ಮಿಲಿಸೆಕೆಂಡಿನಿಂದ ಮೈಕ್ರೋಸೆಕೆಂಡಿಗೆ ಇಳಿಯತ್ತೆ.

ಇದನ್ನು ಜನರ ಕೈಗೆ ಕೊಡೋಕೆ ನೋಡಿದವರಲ್ಲಿ ಎರಡು ಹೆಸರು ಮುಖ್ಯ. 1991ರ ಹೊತ್ತಿಗೆ ಆಸ್ಟ್ರಿಯಾದ ಫೋರೆ ಕಂಪನಿ ವಿಇಸಿ-91 ಅನ್ನೋ ರೈಫಲ್ ತಂದಿತು. ಅದರ ತೋಟಾಕ್ಕೆ ಹಿತ್ತಾಳೆಯ ಚಿಪ್ಪೂ ಇರಲಿಲ್ಲ, ಬ್ಯಾಟರಿಯಿಂದ ಹೊತ್ತಿಕೊಳ್ತಿತ್ತು. 2000ದಲ್ಲಿ ಅಮೆರಿಕದ ರೆಮಿಂಗ್ಟನ್ ತನ್ನ ಪ್ರಸಿದ್ಧ ಮಾಡೆಲ್ 700 ರೈಫಲ್‌ಗೆ ಕರೆಂಟ್ ಕೊಟ್ಟು ಎಟ್ರಾನ್‌ಎಕ್ಸ್ ಅಂತ ಹೆಸರಿಟ್ಟಿತು. ಮರದ ಹಿಡಿ ಇರಬೇಕಾದ ಕಡೆ ಒಳಗೆ 9 ವೋಲ್ಟಿನ ಒಂದು ಬ್ಯಾಟರಿ, ನಾವು ಲ್ಯಾಬ್‌ನಲ್ಲಿ ಮಲ್ಟಿಮೀಟರಿಗೆ ಹಾಕ್ತೀವಲ್ಲ, ಅದೇ ಚೌಕದ ಬ್ಯಾಟರಿ. ಜೊತೆಗೆ ಸರ್ಕ್ಯೂಟ್ ಬೋರ್ಡ್, ರೆಡಿ ಇದೆ ಅಂತ ತೋರಿಸೋಕೆ ಒಂದು ಎಲ್‌ಇಡಿ, ಆನ್ ಆಫ್ ಮಾಡೋಕೆ ಕೀ. ಫೈರಿಂಗ್ ಪಿನ್ ಇದೆ, ಆದರೆ ಅದು ಅಲ್ಲಾಡಲ್ಲ. ಮೈಗೆಲ್ಲ ಇನ್ಸುಲೇಷನ್, ತುದಿ ಮಾತ್ರ ಪ್ರೈಮರಿಗೆ ತಾಗಿಕೊಂಡಿರತ್ತೆ. ಅಲ್ಲಾಡೋ ಭಾಗ ಇಲ್ಲ ಅಂದ ಮೇಲೆ ಗುಂಡು ಹೊರಡೋ ಮುಂಚೆ ಬಂದೂಕು ಕದಲೋದೂ ಇಲ್ಲ. ಪೇಪರ್ ಮೇಲೆ ಎಲ್ಲ ಸರಿ. ಗುರಿಯೂ ಚೆನ್ನಾಗಿ ಸಿಗ್ತಿತ್ತು. ಆದರೂ ಕೆಲವೇ ವರ್ಷಗಳಲ್ಲಿ ಕಂಪನಿ ಅದನ್ನು ನಿಲ್ಲಿಸಿತು. ಕೊಳ್ಳೋರೇ ಇರಲಿಲ್ಲ.

ಯಾಕೆ? ದುಬಾರಿ ಅನ್ನೋದು ಒಂದು ಕಾರಣ. ಇದರ ತೋಟಾ ಬೇರೆ ರೈಫಲ್‌ನಲ್ಲಿ ನಡೆಯಲ್ಲ, ಅಂಗಡಿಯಲ್ಲಿ ಸಿಗೋ ಮಾಮೂಲಿ ತೋಟಾ ಇದರಲ್ಲಿ ನಡೆಯಲ್ಲ ಅನ್ನೋದು ಇನ್ನೊಂದು. ಸೆಮಿನಾರ್ ಸ್ಲೈಡ್‌ನಲ್ಲಿ ಈ ಎರಡನ್ನೂ ಬುಲೆಟ್ ಪಾಯಿಂಟ್ ಮಾಡಿ ಹಾಕಿದ್ವಿ. (ಹೌದು, ಆ ಜೋಕನ್ನು ಕ್ಲಾಸಿನಲ್ಲೂ ಹೊಡೆದ್ವಿ.) ಮೂರನೇ ಕಾರಣ ಸಿಕ್ಕಿದ್ದು ಮಾತ್ರ ಕೊಡಗಿನಲ್ಲಿ.

ಸೆಪ್ಟೆಂಬರಿನಲ್ಲಿ ಕೈಲ್‌ಪೊಳ್ದ್ ಹಬ್ಬಕ್ಕೆ ನಮ್ಮ ಕೊಡಗಿನ ಗೆಳೆಯ ಮನೆಗೆ ಕರೆದಿದ್ದ. ಗೊತ್ತಿಲ್ಲದವರಿಗೆ ಹೇಳೋದಾದರೆ, ಅಲ್ಲಿ ಅವತ್ತು ಕೋವಿ, ಕತ್ತಿಗಳನ್ನು ಶುಚಿ ಮಾಡಿ, ತೋಕ್‌ಪೂ ಅನ್ನೋ ಕೆಂಪು ಹಳದಿ ಹೂ ಸಿಕ್ಕಿಸಿ ಪೂಜೆ ಮಾಡ್ತಾರೆ. ತೋಕ್ ಅಂದರೆ ಕೊಡವ ತಕ್ಕ್‌ನಲ್ಲಿ ಕೋವಿ. ಕೊಡವರಿಗೆ ಕೋವಿ ಇಟ್ಟುಕೊಳ್ಳಲು ಲೈಸೆನ್ಸ್‌ನಿಂದ ವಿನಾಯಿತಿ ಇದೆ ಅನ್ನೋದು ನಿಮಗೂ ಗೊತ್ತಿರಬಹುದು. ಕಡಂಬುಟ್ಟು, ಪಂದಿಕರಿ ಊಟ ಮುಗಿಸಿ ಜಗಲಿಯಲ್ಲಿ ಕೂತಾಗ ಗೆಳೆಯನ ತಾತ ಕೇಳಿದರು, "ಎಂಥದು ಮಕ್ಕಳೇ, ಕೋವಿ ಬಗ್ಗೆ ಓದ್ತಾ ಇದ್ದೀರಂತೆ?"

ಹೇಳೋಕೆ ಶುರು ಮಾಡಿದ್ವಿ. ಅಲ್ಲೇ ಕಷ್ಟ ಗೊತ್ತಾಗಿದ್ದು. "ಲಾಕ್ ಟೈಮ್ ರೆಡ್ಯೂಸ್ ಆಗತ್ತೆ ತಾತ" ಅಂದರೆ ಅವರು ಸುಮ್ಮನೆ ನಮ್ಮ ಮುಖ ನೋಡಿದರು. ಕ್ಲಾಸಿನಲ್ಲಾದರೆ ಆ ಎರಡು ಇಂಗ್ಲಿಷ್ ಪದ ಹೇಳಿದರೆ ಎಲ್ಲರೂ ತಲೆ ಆಡಿಸ್ತಾರೆ. ಇಲ್ಲಿ ಸ್ಪ್ರಿಂಗ್ ಎಲ್ಲಿರತ್ತೆ, ಅದು ಎಷ್ಟು ದೂರ ಓಡಬೇಕು, ಓಡಿದರೆ ಗುರಿ ಯಾಕೆ ತಪ್ಪತ್ತೆ, ಎಲ್ಲ ಬಿಡಿಸಿ ಹೇಳಬೇಕಾಯ್ತು. ತಾತನೇ ನಮಗೆ ಪದ ಕೊಡ್ತಾ ಹೋದರು. ಹ್ಯಾಮರ್ ಅಂದಿದ್ದಕ್ಕೆ "ಓ, ಕುದುರೆ", ಪರ್ಕಷನ್ ಕ್ಯಾಪ್ ಅಂದಿದ್ದಕ್ಕೆ "ಕೇಪು ಅನ್ನಿ". ಕಾರ್ಟ್ರಿಡ್ಜ್ ತೋಟಾ ಆಯ್ತು. ಅರ್ಧ ಗಂಟೆ ಆದ ಮೇಲೆ ಎಟ್ರಾನ್‌ಎಕ್ಸ್ ಹೇಗೆ ಕೆಲಸ ಮಾಡತ್ತೆ ಅಂತ ನಮಗೇ ಸ್ಲೈಡ್ ಮಾಡಿದಾಗಿಗಿಂತ ಚೆನ್ನಾಗಿ ಅರ್ಥ ಆಗಿತ್ತು.

ಎಲ್ಲ ಕೇಳಿಸಿಕೊಂಡು ತಾತ ಒಂದೇ ಪ್ರಶ್ನೆ ಕೇಳಿದರು. "ಬ್ಯಾಟರಿ ಹೋದ್ರೆ ಏನ್ ಮಾಡ್ತೀರಿ?"

"ಎಲ್‌ಇಡಿ ತೋರಿಸತ್ತೆ ತಾತ."

"ತೋಟದಲ್ಲಿ ಆನೆ ಎದುರಿಗೆ ಬಂದಾಗ ಲೈಟು ಉಂಟಾ ಇಲ್ವಾ ನೋಡ್ಲಿಕ್ಕೆ ಆಗ್ತದಾ? ಇಲ್ಲಿ ಜೂನಿಂದ ಮಳೆ. ಟಾರ್ಚಿನ ಬ್ಯಾಟರಿಗೇ ಕಿಲುಬು ಹಿಡೀತದೆ."

ಅವರ ಮಾತಿನಲ್ಲಿ ಆನೆ ಉಪಮೆಗೆ ಬಂದಿದ್ದಲ್ಲ. ಕಾಫಿ ತೋಟಕ್ಕೆ ಆನೆ ಬರೋದು ಅಲ್ಲಿ ದಿನದ ವಿಷಯ. ಗಾಳಿಗೆ ಒಂದು ಗುಂಡು ಹಾರಿಸಿ ಓಡಿಸೋದು ಅವರಿಗೆ ಗೊತ್ತಿರೋ ಉಪಾಯ. ಆ ಒಂದು ಗುಂಡು ಹಾರಲಿಲ್ಲ ಅಂದರೆ ಏನಾಗತ್ತೆ ಅಂತ ಅವರಿಗೆ ಗೊತ್ತು. 3 ಮಿಲಿಸೆಕೆಂಡ್ ಉಳಿಸಿಕೊಂಡು ಅವರು ಏನು ಮಾಡಬೇಕು? ಎಟ್ರಾನ್‌ಎಕ್ಸ್ ಕೊಳ್ಳದೇ ಹೋದ ಅಮೆರಿಕದ ಬೇಟೆಗಾರರ ತಲೆಯಲ್ಲೂ ಇದೇ ಪ್ರಶ್ನೆ ಇದ್ದಿರಬೇಕು. ಸೆಲ್ಫ್ ಸ್ಟಾರ್ಟ್ ಎಷ್ಟೇ ಚೆನ್ನಾಗಿದ್ದರೂ ಬೈಕ್ ಕೊಳ್ಳುವಾಗ ನಮ್ಮಪ್ಪಂದಿರು "ಕಿಕ್ಕರ್ ಇದೆಯಾ?" ಅಂತ ಕೇಳ್ತಾರಲ್ಲ, ಹಾಗೆ.

ವಾಪಸ್ ಬಂದ ಮೇಲೆ ಇದೇ ಪ್ರಶ್ನೆ ಇಟ್ಟುಕೊಂಡು ಮತ್ತೆ ಓದಿದ್ವಿ. ಆಗ ಕಂಡಿದ್ದು ಇನ್ನೊಂದು ಲೋಕ. ಕೈಯಲ್ಲಿ ಹಿಡಿಯೋ ಬಂದೂಕಿನಲ್ಲಿ ಸೋತ ಈ ಕರೆಂಟಿನ ಕಿಡಿ ಆಕಾಶದಲ್ಲಿ ಎಷ್ಟೋ ಮುಂಚೆಯೇ ಗೆದ್ದಿತ್ತು.

ಎರಡನೇ ಮಹಾಯುದ್ಧದ ಜರ್ಮನ್ ಫೈಟರ್ ವಿಮಾನಗಳನ್ನೇ ತಗೊಳ್ಳಿ. ಎಂಜಿನ್ ಮುಂದೆ ಪ್ರೊಪೆಲ್ಲರ್ ತಿರುಗ್ತಿರತ್ತೆ, ಗನ್ ಅದರ ಹಿಂದೆ ಇರತ್ತೆ. ರೆಕ್ಕೆಗಳ ನಡುವಿನ ಸಂದಿಯಲ್ಲೇ ಗುಂಡು ದಾಟಬೇಕು, ಸ್ವಲ್ಪ ತಡವಾದರೆ ಸ್ವಂತ ಪ್ರೊಪೆಲ್ಲರಿಗೇ ಹೊಡೆತ. ಇಲ್ಲಿ ಆ ಚಿಕ್ಕ ಗ್ಯಾಪ್ ಪ್ರಾಣದ ವಿಷಯ. ಅದಕ್ಕೇ ಮೆಸ್ಸರ್‌ಶ್ಮಿಟ್ 109ರ ಎಂಜಿನ್ ಮೇಲೆ ಕೂರಿಸಿದ 13 ಮಿಲಿಮೀಟರಿನ ಎಂಜಿ 131 ಗನ್‌ಗೆ ಎಲೆಕ್ಟ್ರಿಕ್ ಪ್ರೈಮರ್ ಕೊಟ್ಟರು. ಯುದ್ಧ ಮುಗಿದ ಮೇಲೆ ಅಮೆರಿಕದವರು ಮಾಡಿದ ವಲ್ಕನ್ ಗನ್‌ಗೆ ಆರು ನಳಿಗೆ. ನಿಮಿಷಕ್ಕೆ 6000 ಗುಂಡು, ಅಂದರೆ ಸೆಕೆಂಡಿಗೆ 100. ಒಂದೊಂದು ಗುಂಡಿಗೆ ಸಿಗೋದು 10 ಮಿಲಿಸೆಕೆಂಡ್ ಮಾತ್ರ. ಅದರ 20 ಮಿಲಿಮೀಟರ್ ತೋಟಾವೂ ಕರೆಂಟಿನಿಂದಲೇ ಹೊತ್ತಿಕೊಳ್ಳೋದು.

ನಮ್ಮ ವಾಯುಪಡೆಯ ಸುಖೋಯ್-30 ಎಂಕೆಐ ಒಳಗೆ 30 ಮಿಲಿಮೀಟರಿನ ರಷ್ಯನ್ ಗನ್ ಇದೆ, ಜಿಎಸ್‌ಎಚ್-30-1. ಅದರದ್ದೂ ಎಲೆಕ್ಟ್ರಿಕ್ ಪ್ರೈಮರ್. ನಮ್ಮ ಭೂಸೇನೆಯ ಬಿಎಂಪಿ-2, ಅಂದರೆ ಸಾರಥ್ ವಾಹನದ 30 ಮಿಲಿಮೀಟರ್ ಗನ್ನಿನ ತೋಟಾದ ಚಿಪ್ಪಿನ ಅಳತೆಯೂ ಅದೇ. ಆದರೆ ಪ್ರೈಮರ್ ಮಾತ್ರ ಪೆಟ್ಟಿನದು. ಅದೇ ದೇಶದ ಎಂಜಿನಿಯರುಗಳು ಒಂದೇ ಅಳತೆಯ ತೋಟಾ ಇಟ್ಟುಕೊಂಡು ಆಕಾಶಕ್ಕೆ ಕರೆಂಟ್, ನೆಲಕ್ಕೆ ಸುತ್ತಿಗೆ ಅಂತ ಬೇರೆ ಬೇರೆ ನಿರ್ಧಾರ ಮಾಡಿದ್ದಾರೆ. ಇದನ್ನು ಓದಿ ನಾವು ಮೂವರೂ ಸ್ವಲ್ಪ ಹೊತ್ತು ಸುಮ್ಮನಾದ್ವಿ. ಯಾವುದು ಬೆಸ್ಟ್ ಟೆಕ್ನಾಲಜಿ ಅನ್ನೋ ಪ್ರಶ್ನೆಗೆ ಎಲ್ಲಿ ಅಂತ ಕೇಳದೇ ಉತ್ತರ ಕೊಡೋಕೇ ಆಗಲ್ಲ. ವಿಮಾನದಲ್ಲಿ ಜನರೇಟರ್ ಇದ್ದೇ ಇದೆ. ಕರೆಂಟ್ ಹೋಯ್ತು ಅಂದರೆ ಪೈಲಟ್‌ಗೆ ಗನ್‌ಗಿಂತ ದೊಡ್ಡ ಚಿಂತೆಗಳಿರತ್ತೆ. ಕಾಫಿ ತೋಟದಲ್ಲಿ ನಿಂತವರ ಹತ್ತಿರ ಜನರೇಟರ್ ಇಲ್ಲ.

ನಮಗೆ ಎಲ್ಲಕ್ಕಿಂತ ಇಷ್ಟ ಆಗಿದ್ದು ಟ್ಯಾಂಕಿನ ಉತ್ತರ. ನಮ್ಮ ಸೇನೆಯ ಟಿ-72, ಅಂದರೆ ಅಜೇಯ, ಅದರ 125 ಮಿಲಿಮೀಟರ್ ಫಿರಂಗಿಯ ಮದ್ದಿಗೆ ಇರೋ ಪ್ರೈಮರ್ ಎರಡಕ್ಕೂ ಒಪ್ಪತ್ತೆ. ಮಾಮೂಲಾಗಿ ಕರೆಂಟಿನಿಂದ ಹೊತ್ತಿಸ್ತಾರೆ. ಕರೆಂಟ್ ಕೈ ಕೊಟ್ಟರೆ ಅದೇ ಪ್ರೈಮರಿಗೆ ಪೆಟ್ಟು ಕೊಟ್ಟೂ ಹೊತ್ತಿಸಬಹುದು. ಸೆಲ್ಫೂ ಇದೆ, ಕಿಕ್ಕರೂ ಇದೆ. ತಾತನ ಪ್ರಶ್ನೆಯನ್ನು ಯಾರೋ ಡಿಸೈನರ್ ಮೊದಲೇ ಕೇಳಿಸಿಕೊಂಡಿದ್ದರು ಅನ್ನಿಸಿತು.

ಇಲ್ಲಿಗೇ ನಿಲ್ಲಿಸಿದ್ದರೆ ಇದು ಖುಷಿಯ ಲೇಖನ ಆಗ್ತಿತ್ತು. ಆದರೆ ಓದ್ತಾ ಓದ್ತಾ ಇನ್ನೊಂದು ಬದಿ ಎದುರಾಯ್ತು. ಬೇಕಾದಾಗ ಹೊತ್ತಿಕೊಳ್ಳದೇ ಇರೋದು ಒಂದು ಥರದ ಸೋಲು. ಬೇಡದಾಗ ಹೊತ್ತಿಕೊಳ್ಳೋದು ಇನ್ನೊಂದು ಥರದ್ದು.

1967ರ ಜುಲೈ 29. ವಿಯೆಟ್ನಾಂ ಹತ್ತಿರದ ಟೊಂಕಿನ್ ಕೊಲ್ಲಿಯಲ್ಲಿ ಅಮೆರಿಕದ ಫಾರೆಸ್ಟಲ್ ಅನ್ನೋ ವಿಮಾನವಾಹಕ ಹಡಗು. ಡೆಕ್ ಮೇಲೆ ಬಾಂಬ್, ರಾಕೆಟ್ ಕಟ್ಟಿಕೊಂಡು ವಿಮಾನಗಳು ಸಾಲಾಗಿ ನಿಂತಿದ್ದವು. ಒಂದು ಫ್ಯಾಂಟಮ್ ವಿಮಾನದಲ್ಲಿ ಹೊರಗಿನ ಕರೆಂಟಿನಿಂದ ವಿಮಾನದ ಸ್ವಂತ ಕರೆಂಟಿಗೆ ಬದಲಾಯಿಸುವಾಗ ಒಂದು ಸರ್ಜ್ ಬಂತು. ರಾಕೆಟ್ ತಾನಾಗೇ ಹೊತ್ತಿಕೊಂಡು ಡೆಕ್ ಅಡ್ಡಕ್ಕೆ ಹಾರಿ ಇನ್ನೊಂದು ವಿಮಾನದ ಇಂಧನದ ಟ್ಯಾಂಕಿಗೆ ಬಡಿಯಿತು. ಬೆಂಕಿಗೆ ಬಾಂಬುಗಳು ಸಿಡಿದವು. 134 ಜನ ಸತ್ತರು. ರಾಕೆಟ್‌ನ ವೈರನ್ನು ವಿಮಾನ ಹಾರೋ ಕೊನೆಯ ಕ್ಷಣದಲ್ಲಿ ಮಾತ್ರ ಜೋಡಿಸಬೇಕು ಅನ್ನೋ ನಿಯಮ ಇತ್ತು. ಟೈಮ್ ಉಳಿಸೋಕೆ ಮೊದಲೇ ಜೋಡಿಸೋ ಅಭ್ಯಾಸ ಬಂದಿತ್ತು.

ಇದು ರಾಕೆಟ್, ಬಂದೂಕಲ್ಲ, ನಿಜ. ಆದರೆ ತತ್ವ ಒಂದೇ. ಕರೆಂಟಿಗೆ ಯಾರ ಬೆರಳು ಒತ್ತಿತು ಅಂತ ಗೊತ್ತಾಗಲ್ಲ. ಟ್ರಿಗರ್‌ನಿಂದ ಬಂದರೂ ಕರೆಂಟೇ, ಸರ್ಜ್‌ನಿಂದ ಬಂದರೂ ಕರೆಂಟೇ. ಹತ್ತಿರದ ರೇಡಾರ್‌ನ ಅಲೆಗಳಿಗೆ ವೈರ್ ಆಂಟೆನಾ ಥರ ಕೂತರೂ ಕರೆಂಟ್ ಹುಟ್ಟಬಹುದು. ಅದಕ್ಕಾಗಿಯೇ ಸೇನೆಗಳಲ್ಲಿ ರೇಡಿಯೋ ಅಲೆ ಮತ್ತು ಸ್ಫೋಟಕಗಳ ಬಗ್ಗೆ ಬೇರೆಯದೇ ನಿಯಮ, ಪರೀಕ್ಷೆಗಳಿವೆ. ಶೀಲ್ಡಿಂಗ್, ಗ್ರೌಂಡಿಂಗ್ ಅಂತ ನಾವು ಇಂಟರ್ನಲ್ಸ್‌ಗೆ ಬಾಯಿಪಾಠ ಮಾಡೋ ಪದಗಳ ಹಿಂದೆ ಜನ ಇದ್ದಾರೆ. ಸೆಮಿನಾರಿನ ಟೈಟಲ್‌ನಲ್ಲಿದ್ದ ಆ ಜಂಬದ ಸಾಲನ್ನು ಅವತ್ತು ರಾತ್ರಿ ತೆಗೆದ್ವಿ.

ಹಾಗಂತ ಕರೆಂಟಿನ ಕೇಸ್ ಕ್ಲೋಸ್ ಅಂತ ಅಲ್ಲ. ಸುತ್ತಿಗೆಗೂ ಒತ್ತಿದ ಬೆರಳು ಯಾರದು ಅಂತ ಗೊತ್ತಾಗಲ್ಲ. ಮನೆಯಲ್ಲಿ ಸಿಕ್ಕ ಬಂದೂಕನ್ನು ಮಗು ಆಟಕ್ಕೆ ಎತ್ತಿಕೊಂಡ ಸುದ್ದಿ ನಾವೆಲ್ಲ ಓದಿದ್ದೀವಿ. ಎಲೆಕ್ಟ್ರಾನಿಕ್ಸ್ ಇದ್ದರೆ ಕೇಳೋಕಾದರೂ ಆಗತ್ತೆ. 2023ರಲ್ಲಿ ಅಮೆರಿಕದ ಬಯೋಫೈರ್ ಕಂಪನಿ ಬೆರಳಚ್ಚು ಅಥವಾ ಮುಖ ಗುರುತಿಸಿದರೆ ಮಾತ್ರ ಕೆಲಸ ಮಾಡೋ ಪಿಸ್ತೂಲನ್ನು ತೋರಿಸಿತು. ಅದಕ್ಕೂ ಜನ ಕೇಳಿದ ಮೊದಲ ಪ್ರಶ್ನೆಗಳಲ್ಲಿ ತಾತನ ಪ್ರಶ್ನೆ ಇದ್ದೇ ಇದೆ. ಬ್ಯಾಟರಿ ಹೋದರೆ ಹಾರಬೇಕಾ, ಹಾರಬಾರದಾ? ಆನೆಯ ಎದುರು ನಿಂತವರ ಉತ್ತರ ಒಂದು, ಮಗು ಇರೋ ಮನೆಯ ಉತ್ತರ ಇನ್ನೊಂದು. ಸರ್ಕ್ಯೂಟ್ ಬರೆಯೋರು ಯಾವುದೋ ಒಂದನ್ನು ಆರಿಸಲೇಬೇಕು. ಅದು ಯಾವ ಫಾರ್ಮುಲಾದಿಂದಲೂ ಬರಲ್ಲ.

ತಾತ ಈ ಎರಡನ್ನೂ ಹೇಗೆ ನಿಭಾಯಿಸ್ತಾರೆ ಅಂತ ಗೆಳೆಯನನ್ನು ಆಮೇಲೆ ಕೇಳಿದ್ವಿ. ಕೋವಿ ಒಂದು ಕಡೆ, ತೋಟಾ ಇನ್ನೊಂದು ಕೋಣೆಯ ಬೀರುವಿನಲ್ಲಿ. ಬೀರುವಿನ ಬೀಗದ ಕೈ ಅವರ ಸೊಂಟದಲ್ಲಿ. ಮೊಮ್ಮಗನಿಗೆ ಹತ್ತೊಂಬತ್ತು ವರ್ಷ ಆದರೂ ಅದು ಇನ್ನೂ ಕೈಗೆ ಬಂದಿಲ್ಲವಂತೆ. ಕೋವಿಯ ಒಳಗಿನ ವ್ಯವಸ್ಥೆಯನ್ನು ಎಂಥ ಸಂದರ್ಭದಲ್ಲೂ ಹೊತ್ತಿಕೊಳ್ಳೋ ಹಾಗೆ ಬಿಟ್ಟು, ಹೊತ್ತಿಕೊಳ್ಳಬಾರದು ಅನ್ನೋ ಜವಾಬ್ದಾರಿಯನ್ನು ತಮ್ಮ ಮೇಲೆ ಇಟ್ಟುಕೊಂಡಿದ್ದಾರೆ.

ಸೆಮಿನಾರ್ ಮುಗೀತು, ಮಾರ್ಕ್ಸ್ ಪರವಾಗಿಲ್ಲ. ಈಗ ಮಿನಿ ಪ್ರಾಜೆಕ್ಟ್ ನಡೀತಿದೆ: ಹಾಸ್ಟೆಲ್ ರೂಮಿಗೆ ಕಾರ್ಡ್ ತೋರಿಸಿದರೆ ತೆರೆಯೋ ಬೀಗ. ಸರ್ಕ್ಯೂಟ್ ರೆಡಿ ಇದೆ. ಎರಡು ವಾರದಿಂದ ಜಗಳ ಒಂದೇ, ಬಾಗಿಲಿಗೆ ಕೀ ತೂತು ಇಡಬೇಕಾ ಬೇಡವಾ. ದಾವಣಗೆರೆಯವನ ಪ್ರಕಾರ ಕೀ ತೂತು ಇಟ್ಟರೆ ಕಳ್ಳನಿಗೆ ದಾರಿ ಬಿಟ್ಟ ಹಾಗೆ. ಬೆಂಗಳೂರಿನವನು ಕರೆಂಟ್ ಹೋದ ರಾತ್ರಿ ಯಾರಾದರೂ ಒಳಗೆ ಸಿಕ್ಕಿಹಾಕಿಕೊಂಡರೆ ಅಂತಾನೆ. ಒಳಗಿನಿಂದ ಕೈಯಲ್ಲೇ ತೆರೆಯೋ ಹಾಗೆ, ಹೊರಗಿನಿಂದ ಕಾರ್ಡ್ ಮಾತ್ರ ಅನ್ನೋದು ಕೊಡಗಿನವನ ರಾಜಿ ಸೂತ್ರ. ಬಹುಶಃ ಅದೇ ಆಗತ್ತೆ. ರಿಪೋರ್ಟಿನಲ್ಲಿ ಸರ್ಕ್ಯೂಟ್ ಡಯಾಗ್ರಾಂಗಿಂತ ಮುಂಚೆ ಒಂದು ಪುಟ ಇರಲಿ ಅಂತ ಮೂವರೂ ಒಪ್ಪಿದ್ದೀವಿ. ಅದರಲ್ಲಿ ಎರಡೇ ಪ್ರಶ್ನೆ: ಬೇಕಾದಾಗ ಆಗದಿದ್ದರೆ ಏನು, ಬೇಡದಾಗ ಆದರೆ ಏನು. ಆ ಪುಟವನ್ನು ಕನ್ನಡದಲ್ಲೇ ಬರೀತಿದ್ದೀವಿ.